ತಾಳಮದ್ದಲೆ ಲೈವ್: ಬೆಂಗಳೂರಿನ ಅರ್ಥಧಾರಿಗೆ ತನ್ನ ಮಾತೇ ವಾಪಸ್ ಬರುತ್ತಿದೆ, ಶ್ರುತಿ ಮಾತ್ರ ಮಾಯ

ಜಗಲಿಕಟ್ಟೆ · ಶಿರಸಿ

ಎಲ್ಲರಿಗೂ ನಮಸ್ಕಾರ. ಶಿರಸಿಯಿಂದ ಬನವಾಸಿ ಕಡೆ ಹೋಗುವ ದಾರಿಯಲ್ಲಿ ನಮ್ಮೂರು. ಮಳೆಗಾಲದಲ್ಲಿ ಮನೆ ಜಗಲಿಯಲ್ಲಿ ತಾಳಮದ್ದಲೆ (ವೇಷ, ಕುಣಿತ ಇಲ್ಲದೆ ಕೂತು ಮಾಡುವ ಯಕ್ಷಗಾನ) ಮಾಡಿ ಯೂಟ್ಯೂಬ್‌ಗೆ ಲೈವ್ ಬಿಡುತ್ತೇವೆ. ಪದ್ಯ ಹಾಡುವ ಭಾಗವತರು, ಮದ್ದಲೆ, ಚಂಡೆ, ಪಾತ್ರದ ಮಾತು ಹೇಳುವ ಇಬ್ಬರು ಅರ್ಥಧಾರಿಗಳು ಇಲ್ಲೇ ಇರುತ್ತಾರೆ. ಈ ಸಲ ವಾಲಿಯ ಅರ್ಥ ಹೇಳುವವರು ಬೆಂಗಳೂರಿನಲ್ಲಿ. ಝೂಮ್‌ನಲ್ಲಿ ಸೇರುತ್ತಾರೆ.

ನಮ್ಮ ಹತ್ತಿರ ಇರುವುದು ವಿಂಡೋಸ್ 11 ಲ್ಯಾಪ್‌ಟಾಪ್, ಯುಎಸ್‌ಬಿ ಇರುವ ಸಣ್ಣ ಮಿಕ್ಸರ್, ನಾಲ್ಕು ಮೈಕ್. ಲೈವ್ ಕಳಿಸಲು ಓಬಿಎಸ್ ಅನ್ನುವ ಸಾಫ್ಟ್‌ವೇರ್.

ಪ್ರಾಕ್ಟೀಸ್ ಮಾಡಿ ನೋಡಿದೆವು. ವಾಲಿ ಒಂದು ಮಾತು ಹೇಳಿದರೆ ಅರ್ಧ ಸೆಕೆಂಡ್ ಬಿಟ್ಟು ಅದೇ ಮಾತು ಅವರ ಕಿವಿಗೆ ವಾಪಸ್. ಹಾಗೆ ಕೇಳಿಸಿಕೊಂಡು ಯಾರಿಗೂ ಅರ್ಥ ಹೇಳಲು ಆಗುವುದಿಲ್ಲ, ನಾಲಿಗೆ ತೊಡರುತ್ತದೆ. ಇನ್ನೊಂದು, ಅವರಿಗೆ ಶ್ರುತಿ ಕೇಳುವುದೇ ಇಲ್ಲ. ಪದ್ಯ ಶುರುವಾದಾಗ ಎರಡು ಸೆಕೆಂಡ್ ಕೇಳುತ್ತದೆ, ಆಮೇಲೆ ಸತ್ತೇ ಹೋಗುತ್ತದೆ. ಚಂಡೆ ಬಿದ್ದರೆ ಭಾಗವತರ ದನಿ ತುಂಡು ತುಂಡು. ಮೂರನೆಯದು ಯೂಟ್ಯೂಬ್ ನೋಡುವವರ ದೂರು: ವಾಲಿಯ ದನಿ ಮಾತ್ರ ಒಂದರ ಮೇಲೊಂದು ಎರಡೆರಡು ಸಲ ಬರುತ್ತಿದೆಯಂತೆ.

ನೆಟ್ ತೊಂದರೆ ಅಲ್ಲ. ಫೈಬರ್ ಇದೆ, ವಿಡಿಯೋ ಚೆನ್ನಾಗಿಯೇ ಹೋಗುತ್ತದೆ.

ಅಘನಾಶಿನಿ · ಕುಮಟಾ

ಎರಡು ಪ್ರಶ್ನೆ. ಮಿಕ್ಸರ್ ಮೇಲೆ ಲೂಪ್‌ಬ್ಯಾಕ್ ಅಂತ ಬಟನ್ ಇದೆಯಾ, ಅದು ಆನ್ ಇದೆಯಾ? ಓಬಿಎಸ್‌ನಲ್ಲಿ ಮೈಕ್ ಜೊತೆಗೆ ಡೆಸ್ಕ್‌ಟಾಪ್ ಆಡಿಯೋ ಕೂಡ ಕುಣಿಯುತ್ತಿದೆಯಾ?

ಜಗಲಿಕಟ್ಟೆ · ಶಿರಸಿ

ಎರಡಕ್ಕೂ ಹೌದು. ಲೂಪ್‌ಬ್ಯಾಕ್ ಹಾಕದಿದ್ದರೆ ಕಂಪ್ಯೂಟರ್ ದನಿ ಲೈವ್‌ಗೆ ಹೋಗುವುದಿಲ್ಲ ಅಂತ ಮಿಕ್ಸರ್ ಕೊಟ್ಟವರು ಹೇಳಿದ್ದರು.

ಅಘನಾಶಿನಿ · ಕುಮಟಾ

ಅವರು ಹೇಳಿದ್ದು ಒಬ್ಬರೇ ಕೂತು ಲೈವ್ ಮಾಡುವವರಿಗೆ ಸರಿ. ನಡುವೆ ಝೂಮ್ ಕರೆ ಬಂದರೆ ಕೆಡುತ್ತದೆ. ಲೂಪ್‌ಬ್ಯಾಕ್ ಮಾಡುವುದು ಇಷ್ಟೇ: ಕಂಪ್ಯೂಟರ್‌ನಿಂದ ಮಿಕ್ಸರ್‌ಗೆ ಬಂದ ದನಿಯನ್ನು ಮೈಕ್‌ಗಳ ಜೊತೆ ಸೇರಿಸಿ ಮತ್ತೆ ಕಂಪ್ಯೂಟರ್‌ಗೇ ಕಳಿಸುತ್ತದೆ. ವಾಲಿಯ ದನಿ ಝೂಮ್‌ನಿಂದ ಮಿಕ್ಸರ್‌ಗೆ ಬಂತು, ಅಲ್ಲಿಂದ 'ಮೈಕ್' ಅನ್ನುವ ಹೆಸರಲ್ಲಿ ವಾಪಸ್ ಝೂಮ್‌ಗೆ ಹೋಯಿತು, ಅಲ್ಲಿಂದ ಬೆಂಗಳೂರಿಗೆ. ನಿಮ್ಮ ಮೊದಲ ತೊಂದರೆ ಇದು. ಅದೇ ದನಿ ಓಬಿಎಸ್‌ಗೆ ಮೈಕ್ ದಾರಿಯಲ್ಲೂ ಬರುತ್ತದೆ, ಡೆಸ್ಕ್‌ಟಾಪ್ ಆಡಿಯೋ ದಾರಿಯಲ್ಲೂ ಬರುತ್ತದೆ. ಮೂರನೆಯ ತೊಂದರೆ ಅದು.

ಬೇಕಾದ್ದು ಎರಡು ಬೇರೆ ಬೇರೆ ಮಿಕ್ಸ್. ಒಂದು ಕೇಳುಗರಿಗೆ: ಹಿಮ್ಮೇಳ, ಇಲ್ಲಿಯ ಅರ್ಥಧಾರಿಗಳು, ವಾಲಿ, ಎಲ್ಲವೂ. ಇನ್ನೊಂದು ವಾಲಿಗೆ: ಎಲ್ಲವೂ, ಆದರೆ ವಾಲಿ ಬಿಟ್ಟು. ರೇಡಿಯೋ ಸ್ಟುಡಿಯೋದವರು ಇದಕ್ಕೆ ಮಿಕ್ಸ್-ಮೈನಸ್ ಅನ್ನುತ್ತಾರೆ. ಕೇಳುಗರ ಫೋನ್ ಕರೆ ತೆಗೆದುಕೊಳ್ಳುವ ಕಾರ್ಯಕ್ರಮಗಳೆಲ್ಲ ನಡೆಯುವುದು ಹೀಗೆಯೇ. ಇದೊಂದು ತಲೆಗೆ ಹೋದರೆ ಸಾಫ್ಟ್‌ವೇರ್ ಯಾವುದಾದರೂ ನಡೆಯುತ್ತದೆ.

ವಿಂಡೋಸ್‌ನಲ್ಲಿ ನಾನು ವಾಯ್ಸ್‌ಮೀಟರ್ ಬನಾನಾ ಹಾಕುತ್ತೇನೆ, ಕಂಪ್ಯೂಟರ್ ಒಳಗಿನ ಮಿಕ್ಸರ್ ಅದು. ಪುಕ್ಕಟೆ ಇಳಿಸಿಕೊಳ್ಳಬಹುದು, ಇಷ್ಟವಾದರೆ ಕಾಸು ಕೊಡಬಹುದು. ಹಾಕಿದ ಮೇಲೆ ಕಂಪ್ಯೂಟರ್ ರೀಸ್ಟಾರ್ಟ್ ಮಾಡಲೇಬೇಕು, ಇಲ್ಲದಿದ್ದರೆ ಡಿವೈಸ್‌ಗಳು ಕಾಣುವುದಿಲ್ಲ.

ಮೊದಲು ಮಿಕ್ಸರ್‌ನ ಲೂಪ್‌ಬ್ಯಾಕ್ ಆಫ್ ಮಾಡಿ. ಬನಾನಾದ ಎಡಗಡೆಯ ಮೊದಲ ಹಾರ್ಡ್‌ವೇರ್ ಇನ್‌ಪುಟ್‌ಗೆ ನಿಮ್ಮ ಮಿಕ್ಸರ್ ಕೊಡಿ. ಎ1 ಔಟ್‌ಪುಟ್‌ಗೆ ಹೆಡ್‌ಫೋನ್. ಝೂಮ್‌ನ ಸ್ಪೀಕರ್ ಅನ್ನುವಲ್ಲಿ ವಾಯ್ಸ್‌ಮೀಟರ್ ಆಕ್ಸ್ ಇನ್‌ಪುಟ್ ಆರಿಸಿ. ಝೂಮ್‌ನ ಮೈಕ್ ಅನ್ನುವಲ್ಲಿ ಬನಾನಾದ ಬಿ1, ಅದು ವಾಲಿಯ ಮಿಕ್ಸ್. ಓಬಿಎಸ್‌ನ ಮೈಕ್ ಆಗಿ ಬಿ2, ಅದು ಕೇಳುಗರ ಮಿಕ್ಸ್. ಓಬಿಎಸ್‌ನ ಡೆಸ್ಕ್‌ಟಾಪ್ ಆಡಿಯೋವನ್ನು ಸೆಟ್ಟಿಂಗ್ಸ್‌ನಲ್ಲಿ ಪೂರ್ತಿ ಡಿಸೇಬಲ್ ಮಾಡಿ. ಬರೀ ಮ್ಯೂಟ್ ಮಾಡಿದರೆ ಯಾರಾದರೂ ಕೈ ತಾಗಿಸಿ ಆನ್ ಮಾಡುತ್ತಾರೆ.

ಈಗ ಪಟ್ಟಿ ಪಟ್ಟಿಯಲ್ಲಿರುವ ಬಟನ್‌ಗಳು. ಮಿಕ್ಸರ್ ಪಟ್ಟಿಯಲ್ಲಿ ಬಿ1, ಬಿ2 ಎರಡೂ ಒತ್ತಿ. ಝೂಮ್ ಬರುವ ಆಕ್ಸ್ ಪಟ್ಟಿಯಲ್ಲಿ ಎ1, ಬಿ2 ಒತ್ತಿ, ಬಿ1 ಮಾತ್ರ ಒತ್ತಬೇಡಿ. ತೋಟದ ನೀರಿನ ಪೈಪಿಗೆ ಗೇಟ್‌ವಾಲ್ವ್ ಹಾಕಿದ ಹಾಗೆ, ಆ ಒಂದು ಕಡೆ ಬಂದ್ ಇರಬೇಕು. ಇಡೀ ಗುಟ್ಟು ಆ ಒಂದು ಬಟನ್‌ನಲ್ಲಿದೆ.

ಮದ್ದಲೆ_ಮಿತ್ರ · ಸಿದ್ದಾಪುರ

ದೂರದಿಂದ ಇಬ್ಬರು ಮೂವರು ಸೇರಿದರೆ? ಒಬ್ಬೊಬ್ಬರಿಗೂ ಒಂದೊಂದು ಮಿಕ್ಸ್-ಮೈನಸ್ ಮಾಡಬೇಕಾ?

ಅಘನಾಶಿನಿ · ಕುಮಟಾ

ಬೇಡ. ಒಂದೇ ಝೂಮ್ ಕರೆಯಲ್ಲಿ ಇದ್ದರೆ ಒಬ್ಬರ ಮಾತು ಇನ್ನೊಬ್ಬರಿಗೆ ಕಳಿಸುವುದನ್ನು ಝೂಮ್ ನೋಡಿಕೊಳ್ಳುತ್ತದೆ, ಅವರವರ ದನಿ ಅವರಿಗೆ ಕೊಡುವುದಿಲ್ಲ. ನೀವು ನಿಮ್ಮ ಜಗಲಿಯ ದನಿ ಮಾತ್ರ ಕೊಟ್ಟರೆ ಸಾಕು.

ಕಾಳಿ_ಸೇತುವೆ · ಕಾರವಾರ

ಶ್ರುತಿ ಮಾಯವಾಗುವುದಕ್ಕೆ ನಾನು ಹೇಳುತ್ತೇನೆ. ಆನ್‌ಲೈನ್ ಸಂಗೀತ ಪಾಠದವರೆಲ್ಲ ಅನುಭವಿಸಿದ್ದು ಇದೇ. ಝೂಮ್ ಹುಟ್ಟಿದ್ದು ಮೀಟಿಂಗ್‌ಗೆ, ಪದ್ಯಕ್ಕಲ್ಲ. ಒಂದೇ ಸಮ ಬರುವ ದನಿ ಅಂದರೆ ಅದಕ್ಕೆ ಫ್ಯಾನ್ ಅಥವಾ ಎಸಿ. ಶ್ರುತಿ ಪೆಟ್ಟಿಗೆಯೂ ಒಂದೇ ಸಮ ಬರುತ್ತದಲ್ವಾ? ಎರಡು ಸೆಕೆಂಡ್ ಕೇಳಿ, 'ಓ ಇದು ಗಲಾಟೆ' ಅಂತ ತೀರ್ಮಾನಿಸಿ ಅಳಿಸಿ ಹಾಕುತ್ತದೆ. ಚಂಡೆ ಪೆಟ್ಟು ಅದಕ್ಕೆ ಬಾಗಿಲು ಬಡಿದ ಸದ್ದು. ಜೊತೆಗೆ ವಾಲ್ಯೂಮ್ ಅನ್ನು ತಾನೇ ಏರಿಸಿ ಇಳಿಸುವ ಚಟ ಬೇರೆ. ಚಂಡೆ ಜೋರಾಗಿ ಬಂತು ಅಂತ ಇಡೀ ದನಿ ತಗ್ಗಿಸುತ್ತದೆ, ಅದರಲ್ಲಿ ಭಾಗವತರು ಮುಳುಗುತ್ತಾರೆ.

ಝೂಮ್‌ನ ಆಡಿಯೋ ಸೆಟ್ಟಿಂಗ್ಸ್‌ನಲ್ಲಿ ಸಂಗೀತಗಾರರಿಗಾಗಿ ಒರಿಜಿನಲ್ ಸೌಂಡ್ ಅಂತ ಇದೆ, ಅದನ್ನು ಆರಿಸಿ. ಅದರ ಕೆಳಗೆ ಹೈ ಫಿಡೆಲಿಟಿ ಮ್ಯೂಸಿಕ್ ಮೋಡ್ ಟಿಕ್ ಮಾಡಿ, ಎಕೋ ಕ್ಯಾನ್ಸಲೇಶನ್ ಟಿಕ್ ತೆಗೆಯಿರಿ. ಇಷ್ಟು ಮಾಡಿಯೂ ಹೆಚ್ಚಿನವರು ಒಂದು ಬಿಡುತ್ತಾರೆ: ಮೀಟಿಂಗ್ ಒಳಗೆ ಹೋದ ಮೇಲೆ ಮೇಲ್ಗಡೆ ಕಾಣುವ ಒರಿಜಿನಲ್ ಸೌಂಡ್ ಬಟನ್ ಕೂಡ ಆನ್ ಇರಬೇಕು. ಮೈಕ್‌ನ ಆಟೋಮ್ಯಾಟಿಕ್ ವಾಲ್ಯೂಮ್ ಟಿಕ್ ಕಂಡರೆ ಅದನ್ನೂ ತೆಗೆಯಿರಿ.

ಎಕೋ ಕ್ಯಾನ್ಸಲೇಶನ್ ತೆಗೆದ ಮೇಲೆ ಬೆಂಗಳೂರಿನವರು ಇಯರ್‌ಫೋನ್ ಹಾಕಲೇಬೇಕು. ವೈರ್ ಇರುವುದೇ ಆಗಬೇಕು.

ಪೆಂಗ್ವಿನ್_ಯಲ್ಲಾಪುರ

ಇಷ್ಟೆಲ್ಲ ಸರ್ಕಸ್ ಬೇಕಾ? ಲಿನಕ್ಸ್ ಹಾಕಿ, ಮುಗೀತು. ಸುಮ್ನೆ ಹೇಳುತ್ತಿಲ್ಲ. ಅದರ ಆಡಿಯೋ ವ್ಯವಸ್ಥೆ ಪೈಪ್‌ವೈರ್‌ನಲ್ಲಿ ಪ್ರತಿ ಅಪ್ಲಿಕೇಶನ್‌ಗೂ ತಂತಿ ಎಳೆಯುವ ತೂತುಗಳಿರುತ್ತವೆ. ಕ್ಯೂಪಿಡಬ್ಲ್ಯೂಗ್ರಾಫ್ ಅನ್ನುವ ಸಾಫ್ಟ್‌ವೇರ್ ತೆರೆದರೆ ಎಲ್ಲವೂ ಚೌಕಗಳಾಗಿ ಪರದೆ ಮೇಲೆ ಕಾಣುತ್ತವೆ. ಮಿಕ್ಸರ್‌ನಿಂದ ಝೂಮ್‌ಗೆ ಒಂದು ತಂತಿ, ಮಿಕ್ಸರ್‌ನಿಂದ ಓಬಿಎಸ್‌ಗೆ ಒಂದು, ಝೂಮ್‌ನಿಂದ ಓಬಿಎಸ್‌ಗೆ ಒಂದು. ಝೂಮ್‌ನಿಂದ ಝೂಮ್‌ಗೆ ಎಳೆಯಬೇಡಿ. ನಿಮ್ಮ ಮಿಕ್ಸ್-ಮೈನಸ್ ಕಣ್ಣಿಗೇ ಕಾಣುತ್ತದೆ. ವಾಯ್ಸ್‌ಮೀಟರ್‌ನಲ್ಲಿ ಬಿ1 ಯಾವುದು ಬಿ2 ಯಾವುದು ಅಂತ ಕಾಗದದಲ್ಲಿ ಬರೆದಿಟ್ಟುಕೊಳ್ಳಬೇಕು.

ಮೊದಲು ಲಿನಕ್ಸ್‌ನಲ್ಲಿ ಸಂಗೀತದವರಿಗೆ ಜ್ಯಾಕ್, ಉಳಿದವರಿಗೆ ಪಲ್ಸ್‌ಆಡಿಯೋ ಅಂತ ಎರಡು ಒಲೆ ಇದ್ದವು, ಒಂದಕ್ಕೊಂದು ಹೊಂದಿಸಲು ಒದ್ದಾಡಬೇಕಿತ್ತು. ವಿಮ್ ಟೇಮನ್ಸ್ ಶುರು ಮಾಡಿದ ಪೈಪ್‌ವೈರ್ ಎರಡನ್ನೂ ನುಂಗಿತು. 2021ರಲ್ಲಿ ಫೆಡೋರಾ 34, ಮರುವರ್ಷ ಉಬುಂಟು 22.10 ಅದನ್ನೇ ಮೂಲ ಆಡಿಯೋ ಮಾಡಿಕೊಂಡವು. ಹೊಸ ಉಬುಂಟು ಹಾಕಿದರೆ ಪೈಪ್‌ವೈರ್ ಬೇರೆ ಹಾಕುವುದು ಬೇಡ.

ಒಂದು ಕಿರಿಕಿರಿ ಉಂಟು. ಝೂಮ್ ಮುಚ್ಚಿ ತೆರೆದರೆ ಎಳೆದ ತಂತಿಗಳು ಹೋಗುತ್ತವೆ. ಕ್ಯೂಪಿಡಬ್ಲ್ಯೂಗ್ರಾಫ್‌ನ ಪ್ಯಾಚ್‌ಬೇನಲ್ಲಿ ಸೇವ್ ಮಾಡಿ ಆಕ್ಟಿವೇಟ್ ಇಟ್ಟರೆ ತಾನೇ ಜೋಡಿಸಿಕೊಳ್ಳುತ್ತದೆ.

ಅಘನಾಶಿನಿ · ಕುಮಟಾ

ಕಾರ್ಯಕ್ರಮ ಹತ್ತಿರ ಇರುವಾಗ ಆಪರೇಟಿಂಗ್ ಸಿಸ್ಟಮ್ ಬದಲಿಸಿ ಅನ್ನುವ ಸಲಹೆ ಕೊಡಬೇಡಿ ಮಾರಾಯ್ರೆ. ಚಿತ್ರ ಚೆನ್ನಾಗಿದೆ, ಒಪ್ಪುತ್ತೇನೆ.

ವಾಯ್ಸ್‌ಮೀಟರ್ ಕಂಡು ಗಾಬರಿಯಾಗುವವರಿಗೆ ಇನ್ನೊಂದು ದಾರಿ. ಓಬಿಎಸ್ 28ರಿಂದ ವಿಂಡೋಸ್‌ನಲ್ಲಿ ಅಪ್ಲಿಕೇಶನ್ ಆಡಿಯೋ ಕ್ಯಾಪ್ಚರ್ ಬಂದಿದೆ. ಅದರಲ್ಲಿ ಝೂಮ್ ಒಂದನ್ನೇ ಆರಿಸಿದರೆ ವಾಲಿಯ ದನಿ ಮಾತ್ರ ಓಬಿಎಸ್‌ಗೆ ಬರುತ್ತದೆ. ನಿಮ್ಮ ಮಿಕ್ಸರ್‌ನ ಲೂಪ್‌ಬ್ಯಾಕ್ ಆಫ್ ಇದ್ದರೆ ಝೂಮ್‌ಗೆ ಮಿಕ್ಸರ್ ಅನ್ನೇ ನೇರವಾಗಿ ಮೈಕ್ ಮಾಡಿ, ಓಬಿಎಸ್‌ಗೂ ಅದನ್ನೇ ಕೊಡಿ. ಎರಡು ಅಪ್ಲಿಕೇಶನ್ ಒಂದೇ ಮೈಕ್ ಹಂಚಿಕೊಳ್ಳಲು ವಿಂಡೋಸ್ ಸಾಮಾನ್ಯವಾಗಿ ಬಿಡುತ್ತದೆ. ಒಂದು ತಂತಿಯೂ ಬೇಡ, ಒಂದು ಹೆಚ್ಚಿನ ಸಾಫ್ಟ್‌ವೇರೂ ಬೇಡ.

ಜಗಲಿಕಟ್ಟೆ · ಶಿರಸಿ

ಅರೆ, ಇದು ನಮಗೆ ಸಾಕಲ್ವಾ? ಹಾಗಾದರೆ ಬನಾನಾ ಯಾಕೆ?

ಅಘನಾಶಿನಿ · ಕುಮಟಾ

ಸಾಕು. ಬನಾನಾ ಬೇಕಾಗುವುದು ವಾಲಿಗೆ ಹೋಗುವ ಮಿಕ್ಸ್ ಬೇರೆ ಥರ ಇರಬೇಕು ಅಂದಾಗ. ಉದಾಹರಣೆಗೆ ಪ್ರಸಂಗದ ಮೊದಲು ನೀವು ಕಂಪ್ಯೂಟರ್‌ನಿಂದ ಒಂದು ರೆಕಾರ್ಡಿಂಗ್ ಹಾಕುತ್ತೀರಿ, ಅದು ಕೇಳುಗರಿಗೂ ಹೋಗಬೇಕು, ವಾಲಿಗೂ ಹೋಗಬೇಕು. ಅಥವಾ ವಾಲಿಗೆ ಚಂಡೆ ಕಡಿಮೆ, ಪದ್ಯ ಜಾಸ್ತಿ ಬೇಕು. ಅಂಥದ್ದು ಇಲ್ಲ ಅಂದರೆ ಸುಲಭದ ದಾರಿಯೇ ಹಿಡಿಯಿರಿ. ಮಧ್ಯ ಇರುವ ಕೊಂಡಿ ಕಡಿಮೆಯಾದಷ್ಟೂ ರಾತ್ರಿ ಹತ್ತಕ್ಕೆ ಕೈಕೊಡುವುದು ಕಡಿಮೆ.

ಮದ್ದಲೆ_ಮಿತ್ರ · ಸಿದ್ದಾಪುರ

ಇಷ್ಟು ಸುಲಭ ಅಂದರೆ ನಾನು ಸಿದ್ದಾಪುರದಲ್ಲೇ ಕೂತು ಮದ್ದಲೆ ಬಾರಿಸಬಹುದಲ್ಲ? ಮಳೆಯಲ್ಲಿ ರಾತ್ರಿ ಗಾಡಿ ಓಡಿಸಿ ಬರುವುದು ತಪ್ಪುತ್ತದೆ. ಎಲ್ಲರ ದನಿ ಓಬಿಎಸ್‌ನಲ್ಲಿ ಸೇರಿಸಿದರೆ ಆಯ್ತಲ್ಲ.

ಕಾಳಿ_ಸೇತುವೆ · ಕಾರವಾರ

ಆಗುವುದಿಲ್ಲ. ಲೆಕ್ಕ ಹಾಕಿ ನೋಡಿ. ಪದ್ಯ ಏರಿದಾಗ ಸೆಕೆಂಡಿಗೆ ನಾಲ್ಕು ಪೆಟ್ಟು ಅಂದುಕೊಳ್ಳಿ. ಪೆಟ್ಟಿಂದ ಪೆಟ್ಟಿಗೆ 250 ಮಿಲಿಸೆಕೆಂಡ್. ಝೂಮ್‌ನಂಥ ಕರೆಯಲ್ಲಿ ದನಿ ಒಂದು ಕಡೆಗೆ ಹೋಗಲು 150 ಮಿಲಿಸೆಕೆಂಡ್ ಹಿಡಿಯಿತು ಅನ್ನಿ. ಭಾಗವತರ ತಾಳ ನಿಮಗೆ 150 ತಡವಾಗಿ ಕೇಳುತ್ತದೆ. ನೀವು ಅದಕ್ಕೆ ಸರಿಯಾಗಿ ಬಾರಿಸುತ್ತೀರಿ, ಅದು ಜಗಲಿಗೆ ಮುಟ್ಟಲು ಇನ್ನೂ 150. ಒಟ್ಟು 300. ಅಂದರೆ ಒಂದು ಪೆಟ್ಟೇ ದಾಟಿ ಹೋಯಿತು. ಭಾಗವತರು ನಿಮ್ಮನ್ನು ಕಾಯುತ್ತಾರೆ, ನೀವು ಅವರನ್ನು ಕಾಯುತ್ತೀರಿ, ಲಯ ಇಳಿಯುತ್ತಾ ಇಳಿಯುತ್ತಾ ನಿಂತೇ ಹೋಗುತ್ತದೆ.

ಜೊತೆಗೆ ಕೂತು ನುಡಿಸುವವರಿಗೆ ಸುಮಾರು 25-30 ಮಿಲಿಸೆಕೆಂಡ್ ದಾಟಿದರೆ ಕಷ್ಟ ಶುರುವಾಗುತ್ತದೆ. ಗಾಳಿಯಲ್ಲಿ ಶಬ್ದ ಸೆಕೆಂಡಿಗೆ ಸುಮಾರು 343 ಮೀಟರ್ ಓಡುತ್ತದೆ. 30 ಮಿಲಿಸೆಕೆಂಡ್ ಅಂದರೆ ಹತ್ತು ಮೀಟರ್ ದೂರ. ಭಾಗವತರಿಂದ ಹತ್ತು ಮೀಟರ್ ಆಚೆ ಅಂಗಳದಲ್ಲಿ ಕೂತು ಮದ್ದಲೆ ಬಾರಿಸಿ ನೋಡಿ, ಅಲ್ಲೇ ಗೊತ್ತಾಗುತ್ತದೆ.

ಪೆಂಗ್ವಿನ್_ಯಲ್ಲಾಪುರ

ಜಾಮುಲಸ್, ಸೋನೋಬಸ್, ಜ್ಯಾಕ್‌ಟ್ರಿಪ್ ಇವೆ. ಇದಕ್ಕೆಂದೇ ಮಾಡಿದವು. ಶಿರಸಿ-ಸಿದ್ದಾಪುರ ಎಷ್ಟು ದೂರ ಮಹಾ. ಫೈಬರ್‌ನಲ್ಲಿ ಬೆಳಕಿಗೆ ಅದು ಲೆಕ್ಕಕ್ಕೇ ಇಲ್ಲ.

ಕಾಳಿ_ಸೇತುವೆ · ಕಾರವಾರ

ಬೆಳಕಿಗೆ ಲೆಕ್ಕಕ್ಕಿಲ್ಲ, ನಿಜ. ಆದರೆ ನಿಮ್ಮ ಪ್ಯಾಕೆಟ್ ಶಿರಸಿಯಿಂದ ನೇರ ಸಿದ್ದಾಪುರಕ್ಕೆ ಹೋಗುತ್ತದೆ ಅಂದುಕೊಂಡಿದ್ದೀರಾ? ಇಬ್ಬರ ಕಂಪನಿ ಬೇರೆ ಆದರೆ ದೊಡ್ಡ ಊರು ಮುಟ್ಟಿ ತಿರುಗಿ ಬರಬಹುದು. ಅದರ ಮೇಲೆ ಎರಡೂ ಕಡೆಯ ಬಫರ್, ಅಂದರೆ ಕಂಪ್ಯೂಟರ್ ದನಿಯನ್ನು ಸ್ವಲ್ಪ ಕೂಡಿಟ್ಟು ಕಳಿಸುವ ತಡ. 48000 ಹರ್ಟ್ಸ್‌ನಲ್ಲಿ 256 ಸ್ಯಾಂಪಲ್ ಬಫರ್ ಅಂದರೆ 5.3 ಮಿಲಿಸೆಕೆಂಡ್, 1024 ಇಟ್ಟರೆ 21. ಹೋಗುವಾಗೊಮ್ಮೆ ಬರುವಾಗೊಮ್ಮೆ, ಎರಡು ಕಂಪ್ಯೂಟರ್‌ಗೆ. ನೆಟ್ ಏರುಪೇರು ತಡೆಯಲು ಇನ್ನೊಂದು ಬಫರ್. ಎರಡೂ ಕಡೆ ಒಳ್ಳೆ ಫೈಬರ್, ಲ್ಯಾನ್ ತಂತಿ, ಒಳ್ಳೆ ಇಂಟರ್‌ಫೇಸ್ ಇದ್ದರೆ ನಿಧಾನದ ಪದ್ಯಕ್ಕೆ ಪ್ರಯತ್ನ ಮಾಡಬಹುದು. ವೈಫೈನಲ್ಲಿ ಬೇಡವೇ ಬೇಡ.

ನನ್ನ ಅಭಿಪ್ರಾಯ ಕೇಳಿದರೆ, ಹಿಮ್ಮೇಳ ಪೂರ್ತಿ ಒಂದೇ ಜಗಲಿಯಲ್ಲಿರಲಿ. ದೂರದಿಂದ ಬರುವುದು ಅರ್ಥ ಮಾತ್ರ. ಮಾತಿಗೆ ತಾಳ ಇಲ್ಲ, ಅದು ತಡವನ್ನು ತಡೆದುಕೊಳ್ಳುತ್ತದೆ.

ಮದ್ದಲೆ_ಮಿತ್ರ · ಸಿದ್ದಾಪುರ

ಮಾತಿಗೂ ಲಯ ಇದೆ ಸ್ವಾಮಿ. ವಾಲಿ ಕೊನೆ ಮಾತು ಹೇಳುತ್ತಿದ್ದಂತೆ ಭಾಗವತರು ಪದ್ಯ ಎತ್ತಬೇಕು. ಅಲ್ಲಿ ಅರ್ಧ ಸೆಕೆಂಡ್ ಖಾಲಿ ಬಿದ್ದರೆ ಪ್ರಸಂಗ ತಣ್ಣಗಾಯಿತು. ಸಂವಾದದಲ್ಲಿ ಮಾತಿಗೆ ಮಾತು ಬೀಳುವಾಗಲೂ ಅಷ್ಟೇ.

ಅಘನಾಶಿನಿ · ಕುಮಟಾ

ಒಳ್ಳೆಯ ಮಾತು. ಅರ್ಧ ನಿಜ. ಮಿಕ್ಸ್ ಆಗುವುದು ಎಲ್ಲಿ ಅನ್ನುವುದು ಮುಖ್ಯ. ವಾಲಿಯ ಕೊನೆ ಮಾತು ಜಗಲಿಗೆ 150 ಮಿಲಿಸೆಕೆಂಡ್ ತಡವಾಗಿ ಬಂತು, ಸರಿ. ಆದರೆ ಭಾಗವತರು ಅದನ್ನು ಕೇಳಿದ ಕ್ಷಣವೇ ಎತ್ತುತ್ತಾರೆ. ಓಬಿಎಸ್ ಕೂಡ ಅದೇ ಜಗಲಿಯಲ್ಲಿದೆ. ಹಾಗಾಗಿ ಕೇಳುಗರಿಗೆ ಖಾಲಿ ಸಿಗುವುದೇ ಇಲ್ಲ, ಇಬ್ಬರೂ ಪಕ್ಕದಲ್ಲಿ ಕೂತ ಹಾಗೆಯೇ ಕೇಳುತ್ತದೆ. ಖಾಲಿ ಅನಿಸುವುದು ಬೆಂಗಳೂರಿನಲ್ಲಿರುವ ಒಬ್ಬರಿಗೆ ಮಾತ್ರ.

ತಿರುಗಿ ರಾಮ ಮಾತು ಮುಗಿಸಿ ವಾಲಿ ಉತ್ತರ ಕೊಡುವಾಗ ಮಾತ್ರ ಎರಡು ಕಡೆಯ ತಡ ಸೇರಿ ಕೇಳುಗರಿಗೂ ಗೊತ್ತಾಗುತ್ತದೆ. ಅಲ್ಲಿ ರಾಮನ ಅರ್ಥಧಾರಿ ಸ್ವಲ್ಪ ತಾಳ್ಮೆ ಇಟ್ಟುಕೊಳ್ಳಬೇಕು. ಉತ್ತರ ಬರಲಿಲ್ಲ ಅಂತ ಇನ್ನೊಂದು ಮಾತು ಸೇರಿಸಿದರೆ ಇಬ್ಬರೂ ಒಂದೇ ಸಲ ಮಾತಾಡಿ ಇಬ್ಬರೂ ನಿಲ್ಲುತ್ತಾರೆ.

ಜಗಲಿಕಟ್ಟೆ · ಶಿರಸಿ

ನಿನ್ನೆ ರಾತ್ರಿ ಸುಲಭದ ದಾರಿಯಲ್ಲೇ ಮಾಡಿ ನೋಡಿದೆವು. ಲೂಪ್‌ಬ್ಯಾಕ್ ಆಫ್, ಅಪ್ಲಿಕೇಶನ್ ಕ್ಯಾಪ್ಚರ್, ಒರಿಜಿನಲ್ ಸೌಂಡ್. ಶ್ರುತಿ ಕೊನೆವರೆಗೂ ಕೇಳಿತಂತೆ. ಲೈವ್‌ನಲ್ಲಿ ಡಬಲ್ ಇಲ್ಲ. ನೀವೆಲ್ಲ ಹೇಳಿದ್ದಕ್ಕೆ ತುಂಬಾ ಉಪಕಾರ.

ಆದರೆ ಜಗಲಿಯಲ್ಲಿ ಊರಿನವರೂ ಕೂತು ಕೇಳುತ್ತಾರೆ. ಅವರಿಗೆ ವಾಲಿ ಕೇಳಬೇಕಲ್ಲ, ಸ್ಪೀಕರ್ ಹಾಕಿದೆವು. ಹಾಕಿದ ಕೂಡಲೇ ಬೆಂಗಳೂರಿಗೆ ಮತ್ತೆ ಪ್ರತಿಧ್ವನಿ. ಸಣ್ಣಗೆ, ಆದರೆ ಇದೆ. ಹಂಚಿನ ಮೇಲೆ ಮಳೆ ಬಿದ್ದ ಸದ್ದೂ ಚೆನ್ನಾಗಿ ಹೋಗುತ್ತಿದೆಯಂತೆ.

ಅಘನಾಶಿನಿ · ಕುಮಟಾ

ಕಂಪ್ಯೂಟರ್ ಒಳಗಿನ ದಾರಿ ಮುಚ್ಚಿದಿರಿ, ಈಗ ಗಾಳಿಯಲ್ಲಿ ದಾರಿ ತೆರೆದಿದೆ. ಸ್ಪೀಕರ್ ಅನ್ನು ಮೈಕ್‌ಗಳ ಬೆನ್ನ ಹಿಂದೆ, ಜನರ ಕಡೆ ಮುಖ ಮಾಡಿ ಇಡಿ. ಕಾರ್ಡಿಯಾಯ್ಡ್ ಮೈಕ್ ಹಿಂದಿನಿಂದ ಬರುವ ದನಿಯನ್ನು ಕಡಿಮೆ ಹಿಡಿಯುತ್ತದೆ. ಮೈಕ್ ಬಾಯಿಗೆ ಹತ್ತಿರ ಇರಲಿ, ಗೇನ್ ತಗ್ಗಿಸಿ. ಮೈಕ್ ಹತ್ತಿರ ಬಂದರೆ ಮಳೆ ಸದ್ದೂ ಅಷ್ಟೇ ಕಡಿಮೆಯಾಗುತ್ತದೆ. ತಗ್ಗು ದನಿ ಕತ್ತರಿಸುವ ಲೋ-ಕಟ್ ಹಾಕಿದರೆ ಮಳೆ ಹೋಗುವುದಿಲ್ಲ, ಅದು ಎಲ್ಲ ತರಂಗದಲ್ಲೂ ಇರುತ್ತದೆ. ಫ್ಯಾನಿನ ಗುಂಯ್ ಹೋಗಬಹುದು ಅಷ್ಟೆ.

ಅದಕ್ಕೂ ಬಗ್ಗದಿದ್ದರೆ ಒಬ್ಬರು ಮಿಕ್ಸರ್ ಮುಂದೆ ಕೂರಬೇಕು. ವಾಲಿ ಮಾತು ಶುರು ಮಾಡಿದಾಗ ಜಗಲಿಯ ಮಾತಿನ ಮೈಕ್ ಇಳಿಸುವುದು, ಮುಗಿಯುವಾಗ ಏರಿಸುವುದು. ಪ್ರಸಂಗ ಗೊತ್ತಿರುವವರನ್ನೇ ಕೂರಿಸಿ. ಮಾತು ಯಾವಾಗ ಮುಗಿಯುತ್ತದೆ ಅಂತ ಅವರಿಗೆ ಮೊದಲೇ ತಿಳಿಯುತ್ತದೆ. ಯಾವ ಸಾಫ್ಟ್‌ವೇರಿಗೂ ಅದು ಬರುವುದಿಲ್ಲ.

ಇನ್ನೊಂದು, ಒಳಗಿನ ಕೋಣೆಯಲ್ಲಿ ಯಾರೂ ಮೊಬೈಲ್‌ನಲ್ಲಿ ನಿಮ್ಮದೇ ಲೈವ್ ಜೋರಾಗಿ ಇಡದ ಹಾಗೆ ನೋಡಿಕೊಳ್ಳಿ. ಯೂಟ್ಯೂಬ್ ಎಷ್ಟೋ ಸೆಕೆಂಡ್ ಹಿಂದಿರುತ್ತದೆ. ಮುಗಿದ ಪದ್ಯ ಮತ್ತೆ ಮೈಕಿಗೆ ಬಂದು ಸೇರುತ್ತದೆ, ಎಲ್ಲಿಂದ ಬಂತು ಅಂತ ನೀವು ಕಂಪ್ಯೂಟರ್ ಒಳಗೆ ಹುಡುಕುತ್ತಿರುತ್ತೀರಿ.

ಶರಾವತಿ_ದಂಡೆ · ಹೊನ್ನಾವರ

ನಮ್ಮಲ್ಲಿ ಎರಡು ಲ್ಯಾಪ್‌ಟಾಪ್ ಇಟ್ಟು ಮಾಡುತ್ತೇವೆ. ಹಳೆಯದರಲ್ಲಿ ಝೂಮ್ ಮಾತ್ರ. ಅದರ ಹೆಡ್‌ಫೋನ್ ತೂತಿನಿಂದ ಮಿಕ್ಸರ್‌ನ ಒಂದು ಚಾನೆಲ್‌ಗೆ, ಮಿಕ್ಸರ್‌ನಲ್ಲಿ ಬೇರೆ ಮಿಕ್ಸ್ ಹೊರಗೆ ಕೊಡುವ ಆಕ್ಸ್ ತೂತಿನಿಂದ ಆ ಲ್ಯಾಪ್‌ಟಾಪ್‌ನ ಮೈಕ್‌ಗೆ. ಝೂಮ್ ಚಾನೆಲ್‌ನ ಆಕ್ಸ್ ತಿರುಗಣೆ ಸೊನ್ನೆಯಲ್ಲಿ. ಹೊಸದರಲ್ಲಿ ಓಬಿಎಸ್ ಒಂದೇ. ಒಂದು ಹ್ಯಾಂಗ್ ಆದರೂ ಇನ್ನೊಂದು ಓಡುತ್ತಿರುತ್ತದೆ. ಹಳೆ ಕಂಪ್ಯೂಟರ್‌ನಲ್ಲಿ ಝೂಮ್, ಓಬಿಎಸ್, ವಾಯ್ಸ್‌ಮೀಟರ್ ಮೂರೂ ಓಡಿಸಿದರೆ ದನಿ ಚಟಪಟ ಅನ್ನುತ್ತದೆ. ಸಾಫ್ಟ್‌ವೇರ್‌ಗಿಂತ ಇದೇ ಮೇಲು ಅಂತ ನನ್ನ ವಾದ.

ಚಾರ್ಜರ್ ಹಾಕಿದರೆ ಗುಂಯ್ ಅನ್ನುವ ಸದ್ದು ಬರಬಹುದು. ಬ್ಯಾಟರಿಯಲ್ಲಿ ಓಡಿಸಿದರೆ ಹೋಗುತ್ತದೆ. ಶಾಶ್ವತ ಪರಿಹಾರ ಬೇಕು ಅಂದರೆ ಮಧ್ಯ ಐಸೊಲೇಶನ್ ಟ್ರಾನ್ಸ್‌ಫಾರ್ಮರ್ ಇರುವ ಡಿಐ ಬಾಕ್ಸ್ ಹಾಕಿ.

ಪೆಂಗ್ವಿನ್_ಯಲ್ಲಾಪುರ

ಸ್ಯಾಂಪಲ್ ರೇಟ್, ಅಂದರೆ ದನಿಯನ್ನು ಸೆಕೆಂಡಿಗೆ ಎಷ್ಟು ಸಲ ಅಳೆಯುತ್ತದೆ ಅನ್ನುವುದರ ಬಗ್ಗೆ ಯಾರೂ ಹೇಳಲಿಲ್ಲ. ಮಿಕ್ಸರ್, ವಿಂಡೋಸ್, ಓಬಿಎಸ್, ಬನಾನಾ ಎಲ್ಲ ಕಡೆ 48000 ಒಂದೇ ಇಡಿ. ಎಲ್ಲೋ ಒಂದು ಕಡೆ 44100ರ ದನಿಯನ್ನು 48000 ಅಂತ ತಿಳಿದು ಓಡಿಸಿದರೆ ವೇಗವೂ ಏರುತ್ತದೆ, ಶ್ರುತಿಯೂ ಹೆಚ್ಚು ಕಡಿಮೆ ಒಂದೂವರೆ ಮನೆ ಏರುತ್ತದೆ. ಹಾರ್ಮೋನಿಯಂನ ಕಪ್ಪು ಒಂದರಲ್ಲಿ ಹಾಡಿದ್ದು ಬಿಳಿ ಎರಡು ದಾಟಿ ಕಪ್ಪು ಎರಡರ ಹತ್ತಿರ ನಿಲ್ಲುತ್ತದೆ. ಭಾಗವತರು ಆಮೇಲೆ ಕೇಳಿದರೆ ನಿಮ್ಮನ್ನು ಬಿಡುವುದಿಲ್ಲ.

ರೆಕಾರ್ಡಿಂಗ್ ಕೂಡ ಇಟ್ಟುಕೊಳ್ಳಿ. ಓಬಿಎಸ್‌ನಲ್ಲಿ ಆರು ಆಡಿಯೋ ಟ್ರ್ಯಾಕ್ ಇವೆ. ಹಿಮ್ಮೇಳ ಒಂದರಲ್ಲಿ, ವಾಲಿ ಇನ್ನೊಂದರಲ್ಲಿ ಹೋಗಲಿ, ಆಮೇಲೆ ಹದ ಮಾಡಬಹುದು. ಫೈಲ್ ಎಂಕೆವಿ ಇರಲಿ. ಮಾಮೂಲಿ ಎಂಪಿ4 ಇಟ್ಟು ನಡುವೆ ಕರೆಂಟ್ ಹೋದರೆ ಇಡೀ ಫೈಲ್ ತೆರೆಯುವುದಿಲ್ಲ. ನಮ್ಮ ಕಡೆಯ ಮಳೆಗಾಲ ಗೊತ್ತಲ್ಲ.

ಕಾಳಿ_ಸೇತುವೆ · ಕಾರವಾರ

ಮ್ಯಾಕ್ ಇರುವವರು ಯಾರಾದರೂ ಓದುತ್ತಿದ್ದರೆ: ಒಂದು ಅಪ್ಲಿಕೇಶನ್‌ನ ದನಿ ಇನ್ನೊಂದಕ್ಕೆ ಕೊಡುವ ಬ್ಲ್ಯಾಕ್‌ಹೋಲ್ ಪುಕ್ಕಟೆ ಸಿಗುತ್ತದೆ. ಆಡಿಯೋ ಮಿಡಿ ಸೆಟಪ್‌ನಲ್ಲಿ ಮಲ್ಟಿ-ಔಟ್‌ಪುಟ್ ಡಿವೈಸ್ ಮಾಡಿ ಹೆಡ್‌ಫೋನ್ ಮತ್ತು ಬ್ಲ್ಯಾಕ್‌ಹೋಲ್ ಎರಡಕ್ಕೂ ಝೂಮ್ ದನಿ ಕೊಡಬಹುದು. ಹಾಗೆ ಮಾಡಿದರೆ ಕೀಬೋರ್ಡ್‌ನ ವಾಲ್ಯೂಮ್ ಬಟನ್ ಕೆಲಸ ಮಾಡುವುದಿಲ್ಲ, ಕೆಟ್ಟಿತು ಅಂತ ಗಾಬರಿ ಬೇಡ. ಎರಡು ಯುಎಸ್‌ಬಿ ಮೈಕ್‌ಗಳನ್ನು ಅಗ್ರಿಗೇಟ್ ಡಿವೈಸ್‌ನಲ್ಲಿ ಸೇರಿಸುವಾಗ ಎರಡನೆಯದಕ್ಕೆ ಡ್ರಿಫ್ಟ್ ಕರೆಕ್ಷನ್ ಟಿಕ್ ಮಾಡಿ. ಎರಡರ ಗಡಿಯಾರ ಬೇರೆ ಬೇರೆ, ಗಂಟೆಗಟ್ಟಲೆ ಓಡಿದರೆ ದನಿಗಳು ದೂರ ಸರಿಯುತ್ತವೆ.

ಮದ್ದಲೆ_ಮಿತ್ರ · ಸಿದ್ದಾಪುರ

ಸರಿ, ಗಾಡಿ ಓಡಿಸಿಕೊಂಡೇ ಬರುತ್ತೇನೆ. ವಾಲಿಗೆ ಬ್ಲೂಟೂತ್ ಇಯರ್‌ಫೋನ್ ನಡೆಯುತ್ತದಾ? ವೈರ್ ಇರುವುದು ಅವರ ಹತ್ತಿರ ಇಲ್ಲವಂತೆ.

ಕಾಳಿ_ಸೇತುವೆ · ಕಾರವಾರ

ಬೇಡ. ಬ್ಲೂಟೂತ್‌ನ ಮೈಕ್ ಆನ್ ಆದ ಕೂಡಲೇ ಅದು ಫೋನ್ ಕರೆಯ ಮೋಡ್‌ಗೆ ಇಳಿಯುತ್ತದೆ, ಹೆಚ್ಚಿನವುಗಳಲ್ಲಿ ದನಿ 8 ಅಥವಾ 16 ಕಿಲೋಹರ್ಟ್ಸ್ ಸ್ಯಾಂಪಲ್ ರೇಟಿಗೆ ಬಂದು ನಿಲ್ಲುತ್ತದೆ. ಅದರ ಮೇಲೆ ಇನ್ನಷ್ಟು ತಡ. ಮೊಬೈಲ್ ಅಂಗಡಿಯಲ್ಲಿ ಅಗ್ಗದ ವೈರ್ ಇಯರ್‌ಫೋನ್ ಒಂದು ತೆಗೆದುಕೊಳ್ಳಲು ಹೇಳಿ. ಅವರ ಲ್ಯಾಪ್‌ಟಾಪ್‌ನಲ್ಲಿ ಗುಂಡು ತೂತು ಇದೆಯಾ, ಟೈಪ್-ಸಿ ಮಾತ್ರ ಇದೆಯಾ ಅಂತ ಮೊದಲು ಕೇಳಿ.